ಐವರಲ್ಲಿ ಒಬ್ಬ ಒಪ್ಪದಿದ್ದರೆ

(ಕಟ್ಟೆಮಳಲವಾಡಿಯಲ್ಲಿ ನೀಡಿದ ಉಪನ್ಯಾಸದ ಪಠ್ಯ)

ಈ ಊರಿನ ಹೆಸರಿನಲ್ಲೇ ಕಟ್ಟೆ ಎಂಬ ಮಾತಿದೆ. ಲಕ್ಷ್ಮಣತೀರ್ಥಕ್ಕೆ ಅಡ್ಡಲಾಗಿ ಕಟ್ಟಿ ನೀರನ್ನು ಕಾಲುವೆಗೆ ತಿರುಗಿಸಿದ್ದೂ ಕಟ್ಟೆಯೇ. ಅರಳಿ ಮರದ ಬುಡಕ್ಕೆ ಕಲ್ಲು ಜೋಡಿಸಿ ನಾಲ್ಕು ಜನ ಕೂರಲು ಮಾಡಿದ್ದೂ ಕಟ್ಟೆಯೇ. ಮೊದಲನೆಯದರ ನೀರು ಹಂಚಿಕೆಯಲ್ಲಿ ಜಗಳ ಬಂದಾಗ ಅದು ಎರಡನೆಯದರ ಮೇಲೆ ತೀರ್ಮಾನವಾಗುವುದು ಹಳೆಯ ರೂಢಿ. ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆ ಎಲ್ಲಿಗೆ ಹೋದರೂ ಹಿರಿಯರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಹೀಗೊಂದು ವ್ಯಾಜ್ಯವನ್ನು ಊಹಿಸಿಕೊಳ್ಳಿ. ಕಾಲುವೆಯ ಕೊನೆಯಲ್ಲಿ ಗದ್ದೆ ಇರುವ ಒಬ್ಬ ರೈತನ ಸರದಿಯ ರಾತ್ರಿ, ಮೇಲಿನವರು ಯಾರೋ ಮಡೆ ಒಡೆದು ನೀರು ಹಾಯಿಸಿಕೊಂಡಿದ್ದಾರೆ. ಪೈರು ಒಣಗಿದೆ. ನೀರುಗಂಟಿ ನೋಡಿದ್ದಾನೆ, ಆದರೆ ಹೆಸರು ಹೇಳಲು ಹಿಂಜರಿಯುತ್ತಾನೆ. ಐದು ಜನ ಹಿರಿಯರು ಕಟ್ಟೆಯ ಮೇಲೆ ಕೂರುತ್ತಾರೆ. ಸಂಜೆಯಿಂದ ಮಾತು ನಡೆಯುತ್ತದೆ. ನಾಲ್ವರು, ಆದದ್ದು ಆಯಿತು, ಮುಂದಿನ ಸರದಿಯಲ್ಲಿ ಅವನಿಗೆ ಅರ್ಧ ರಾತ್ರಿ ಹೆಚ್ಚು ನೀರು ಕೊಟ್ಟರೆ ಸಾಕು ಎನ್ನುತ್ತಾರೆ. ಐದನೆಯವರು ತಲೆ ಅಲ್ಲಾಡಿಸುತ್ತಾರೆ. ಮಡೆ ಒಡೆದವನು ಯಾರೆಂದು ಹೇಳದೆ ಪರಿಹಾರ ಕೊಟ್ಟರೆ ಅದು ನ್ಯಾಯವಲ್ಲ ಎಂಬುದು ಅವರ ವಾದ. ಆಗ ಏನಾಗುತ್ತದೆ?

ಲೋಕದ ನ್ಯಾಯಪದ್ಧತಿಗಳಲ್ಲಿ ಒಂದಕ್ಕೂ ಇನ್ನೊಂದಕ್ಕೂ ಇರುವ ವ್ಯತ್ಯಾಸ ಬಹುಮಟ್ಟಿಗೆ ಈ ಒಂದು ಪ್ರಶ್ನೆಗೆ ಅವು ಕೊಟ್ಟ ಉತ್ತರದಲ್ಲಿದೆ. ಎಷ್ಟು ಜನ ಕೂರುತ್ತಾರೆ, ಯಾವ ಬಟ್ಟೆ ತೊಡುತ್ತಾರೆ ಎಂಬುದೆಲ್ಲ ಆಮೇಲಿನ ಮಾತು. ಒಪ್ಪದ ಆ ಒಬ್ಬನನ್ನು ಏನು ಮಾಡುತ್ತಾರೆ ಎಂಬುದನ್ನು ಮೊದಲು ನೋಡಬೇಕು.

ಕಟ್ಟೆಯ ಮೇಲೆ ಕೈ ಎತ್ತಿಸಿ ಎಣಿಸುವ ಪದ್ಧತಿ ಇರಲಿಲ್ಲ. ನಾಲ್ಕಕ್ಕೆ ಒಂದು ಎಂದು ಅಲ್ಲಿ ತೀರ್ಪು ಬರುವುದಿಲ್ಲ. ಮಾತು ಮುಂದುವರಿಯುತ್ತದೆ, ಎಲೆಅಡಿಕೆ ಬರುತ್ತದೆ, ಯಾರೋ ಹಳೆಯ ಪ್ರಸಂಗವೊಂದನ್ನು ನೆನಪಿಸುತ್ತಾರೆ, ಇನ್ಯಾರೋ, "ಐವತ್ತು ವರ್ಷದಿಂದ ಹಿಂಗೇ ನಡ್ಕೊಂಡು ಬಂದದೆ ಕಣಣ್ಣ, ನೀನೊಬ್ಬ ಯಾಕೆ ಹಿಡಿದು ಕೂತಿದ್ದೀಯೆ" ಎನ್ನುತ್ತಾರೆ. ಕೊನೆಗೆ ಐದನೆಯವರೂ "ಆಗಲಿ" ಎನ್ನುತ್ತಾರೆ, ಇಲ್ಲವೇ ಟವೆಲು ಕೊಡವಿ ಎದ್ದು ಹೋಗುತ್ತಾರೆ. ಅವರ ಆಕ್ಷೇಪ ಎಲ್ಲೂ ಬರಹಕ್ಕೆ ಇಳಿಯುವುದಿಲ್ಲ. ಮರುದಿನ ಊರಿಗೆ ತಿಳಿಯುವುದು ಒಂದೇ ಮಾತು: ಪಂಚರು ಹೀಗೆ ಹೇಳಿದರು.

ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ ಅವರು 1948ರಲ್ಲಿ ಮೈಸೂರು ಜಿಲ್ಲೆಯ ಕೊಡಗಹಳ್ಳಿಯಲ್ಲಿ ತಿಂಗಳುಗಟ್ಟಲೆ ಇದ್ದು, ರಾಮಪುರ ಎಂಬ ಕಲ್ಪಿತ ಹೆಸರಿನಲ್ಲಿ ಆ ಊರಿನ ವಿಷಯ ಬರೆದರು. ಅಣ್ಣತಮ್ಮಂದಿರ ಪಾಲಿನ ಜಗಳ, ಕುಂಬಾರನಿಗೂ ಪೂಜಾರಿಗೂ ಬಂದ ವ್ಯಾಜ್ಯ, ಮಡಿವಾಳರ ಕುಲದ ತಕರಾರು ಇವನ್ನು ಕುರಿತ ಅವರ ಲೇಖನಗಳು ಜಗತ್ತಿನ ವಿಶ್ವವಿದ್ಯಾಲಯಗಳಲ್ಲಿ ಇಂದಿಗೂ ಪಾಠವಾಗಿವೆ. ಊರ ಹಿರಿಯರ ನ್ಯಾಯದ ಬಗ್ಗೆ ಅವರು ಕಂಡ ಮುಖ್ಯ ಸಂಗತಿ ಎಂದರೆ, ಅಲ್ಲಿ ವ್ಯಾಜ್ಯವನ್ನು ಅದೊಂದನ್ನೇ ಬಿಡಿಸಿಟ್ಟು ನೋಡುವುದಿಲ್ಲ. ವಾದಿ ಎಂಥವನು, ಅವನ ಅಪ್ಪ ಎಂಥವನಿದ್ದ, ಹಿಂದಿನ ಸಲ ಯಾರು ಬಗ್ಗಿದ್ದರು, ನಾಳೆ ಇವರಿಬ್ಬರೂ ಒಂದೇ ಬಾವಿಯಲ್ಲಿ ನೀರು ಸೇದಬೇಕಲ್ಲ ಎಂಬುದೆಲ್ಲ ತೀರ್ಪಿನೊಳಕ್ಕೆ ಬರುತ್ತದೆ. ಪಂಚರಿಗೆ ಎಲ್ಲರೂ ಗೊತ್ತು, ಎಲ್ಲವೂ ಗೊತ್ತು. ಪಟ್ಟಣದ ಕೋರ್ಟಿನಲ್ಲಿ ಯಾವ ಸಂಗತಿಗೆ "ಅಪ್ರಸ್ತುತ" ಎಂದು ವಕೀಲರು ಎದ್ದು ನಿಲ್ಲುತ್ತಾರೋ ಕಟ್ಟೆಯ ಮೇಲೆ ಅದೇ ಮುಖ್ಯ ಸಾಕ್ಷ್ಯ.

ಮನುಷ್ಯರಿಗೆ ತೀರ್ಮಾನಿಸಲು ಆಗದೆ ಹೋದಾಗ ದೇವರನ್ನು ಕೇಳುವುದೂ ಉಂಟು. ಗುಡಿಯಲ್ಲಿ ಆಣೆ ಇಡಿಸುವುದು, ಕರ್ಪೂರ ಆರಿಸುವುದು, ಹೂ ಕೇಳುವುದು. ಮಳೆ ಬಾರದ ವರ್ಷ ರಾಮಪುರದವರು ಬಸವನ ಗುಡಿಯಲ್ಲಿ ಹೂ ಕೇಳಿದ ಪ್ರಸಂಗವನ್ನು ಶ್ರೀನಿವಾಸ್ ವಿವರಿಸಿದ್ದಾರೆ. ಬಲಗಡೆ ಬಿತ್ತೋ ಎಡಗಡೆ ಬಿತ್ತೋ, ಹೂವಿನ ತೀರ್ಪಿಗೆ ಭಿನ್ನಮತವಿಲ್ಲ.

ಆದರೆ ಅದೇ ಶ್ರೀನಿವಾಸ್ ಅವರು "ಪ್ರಬಲ ಜಾತಿ" ಎಂಬ ಮಾತನ್ನು ಸಮಾಜಶಾಸ್ತ್ರಕ್ಕೆ ಕೊಟ್ಟದ್ದೂ ಇದೇ ಊರಿನ ಅನುಭವದಿಂದ. ಕಟ್ಟೆಯ ಮೇಲೆ ಕೂರುವವರು ಭೂಮಿ ಉಳ್ಳವರು, ಸಂಖ್ಯೆ ಉಳ್ಳವರು. ಹರಿಜನರ ಕೇರಿಯ ಜಗಳವೂ ಅವರ ಮುಂದೆಯೇ ಬರುತ್ತಿತ್ತು. ಕೇರಿಯವರು ಮಾತ್ರ ಕಟ್ಟೆಯ ಕೆಳಗೆ ನಿಲ್ಲುತ್ತಿದ್ದರು. ಹೆಂಗಸರು ಬಾಗಿಲ ಸಂದಿನಿಂದ ಕೇಳಿಸಿಕೊಳ್ಳುತ್ತಿದ್ದರು. ಐವರಲ್ಲಿ ಒಬ್ಬ ಒಪ್ಪದಿದ್ದರೆ ಎಂದು ಕೇಳುವಾಗ, ಆ ಐವರೊಳಗೆ ಎಂದೂ ಸೇರದವರ ಒಪ್ಪಿಗೆಯನ್ನು ಯಾರೂ ಕೇಳಿಯೇ ಇರಲಿಲ್ಲ ಎಂಬುದನ್ನೂ ಸೇರಿಸಿಕೊಳ್ಳಬೇಕು. ಮೈಸೂರು ಸೀಮೆಯ ಹಲವು ಜಾತಿಗಳಲ್ಲಿ ಕಟ್ಟೆಮನೆ ಎಂಬ ಕುಲದ ನ್ಯಾಯಸ್ಥಾನಗಳಿದ್ದವು. ಅವು ಹಾಕುತ್ತಿದ್ದ ದಂಡಕ್ಕಿಂತ ಹೆಚ್ಚಾಗಿ ಜನ ಹೆದರುತ್ತಿದ್ದದ್ದು ಬಹಿಷ್ಕಾರಕ್ಕೆ: ಬೆಂಕಿ ಕೊಡಬಾರದು, ನೀರು ಕೊಡಬಾರದು, ಹೆಣ್ಣು ಕೊಡಬಾರದು. ಇಂಥ ಭಯದ ಮುಂದೆ ಬರುವ "ಆಗಲಿ" ಎಂಬ ಮಾತನ್ನು ಒಪ್ಪಿಗೆ ಎಂದು ಕರೆಯುವುದು ಕಷ್ಟ.

ನಮ್ಮ ಹಳೆಯ ಶಾಸ್ತ್ರಕಾರರು ಈ ಕಷ್ಟವನ್ನು ಅರಿಯದವರಲ್ಲ. ಕಲ್ಯಾಣದಲ್ಲಿ ಚಾಳುಕ್ಯ ಆರನೆಯ ವಿಕ್ರಮಾದಿತ್ಯನ ಆಳ್ವಿಕೆಯ ಕಾಲದಲ್ಲಿ ವಿಜ್ಞಾನೇಶ್ವರ ಬರೆದ ಮಿತಾಕ್ಷರ ಆಸ್ತಿಯ ಪಾಲಿನ ಗ್ರಂಥವೆಂದೇ ಹೆಸರಾಗಿದೆ. ಆದರೆ ಅದರಲ್ಲಿ ನ್ಯಾಯಸಭೆಯ ವಿಷಯವೂ ವಿಸ್ತಾರವಾಗಿದೆ. ರಾಜ ಒಬ್ಬನೇ ಕುಳಿತು ತೀರ್ಪು ಕೊಡುವಂತಿಲ್ಲ, ಸಭ್ಯರು ಬೇಕು. ಅವರು ಶತ್ರುವಿನಲ್ಲೂ ಮಿತ್ರನಲ್ಲೂ ಸಮನಾಗಿರಬೇಕು. ಸಭೆಯಲ್ಲಿ ವರ್ತಕರೂ ಇರಬೇಕು. ಕುಲ, ಶ್ರೇಣಿ, ಪೂಗ ಎಂದು ಒಂದರ ಮೇಲೊಂದು ನ್ಯಾಯಸ್ಥಾನಗಳನ್ನೂ ಅದು ಹೇಳುತ್ತದೆ. ನಮ್ಮ ವಿಷಯಕ್ಕೆ ಬೇಕಾದದ್ದು ಇನ್ನೊಂದು ಮಾತು. ರಾಜ ದಾರಿ ತಪ್ಪಿದರೆ, ನೇಮಕಗೊಂಡ ಸಭ್ಯನು ಅವನನ್ನು ತಡೆಯಬೇಕು. ಸುಮ್ಮನಿದ್ದರೆ ಅವನಿಗೂ ದೋಷ ತಗಲುತ್ತದೆ. ಭಿನ್ನಮತ ಹೇಳುವುದು ಇಲ್ಲಿ ಹಕ್ಕಲ್ಲ, ಕರ್ತವ್ಯ. ಎಷ್ಟು ಸಭ್ಯರು ಎಷ್ಟು ರಾಜರನ್ನು ತಡೆದರೋ ಅದು ಬೇರೆ ಪ್ರಶ್ನೆ.

ಇಂಗ್ಲಿಷರು ಬಂದಾಗ ಅವರ ಕೈಯಲ್ಲಿ ಜ್ಯೂರಿ ಎಂಬ ಪದ್ಧತಿ ಇತ್ತು. ಹನ್ನೆರಡು ಜನ ಸಾಮಾನ್ಯರು ಕುಳಿತು ಸಾಕ್ಷ್ಯ ಕೇಳಿ, ಕೋಣೆಯೊಳಗೆ ಬಾಗಿಲು ಹಾಕಿಕೊಂಡು ಚರ್ಚಿಸಿ, ಆರೋಪಿ ತಪ್ಪಿತಸ್ಥನೋ ಅಲ್ಲವೋ ಎಂದು ಒಂದೇ ಮಾತು ಹೇಳುವುದು. ಶಿಕ್ಷೆ ಎಷ್ಟೆಂದು ನ್ಯಾಯಾಧೀಶ ಹೇಳುವುದು. ಮೇಲುನೋಟಕ್ಕೆ ನಮ್ಮ ಪಂಚಾಯತಿಯ ಹಾಗೆಯೇ ಕಾಣುತ್ತದೆ. ಸರ್ ಥಾಮಸ್ ಮನ್ರೋಗೂ ಹಾಗೆಯೇ ಕಂಡಿತು. 1799ರಲ್ಲಿ ಕೆನರಾದಲ್ಲೂ ಆಮೇಲೆ ಬಳ್ಳಾರಿಯ ಕಡೆಯ ದತ್ತ ಜಿಲ್ಲೆಗಳಲ್ಲೂ ಕಂದಾಯದ ಕೆಲಸ ಮಾಡಿದ ಆತ, ಜನರ ನ್ಯಾಯವನ್ನು ಜನರೇ ಮಾಡಬಲ್ಲರು ಎಂದು ಹಟ ಹಿಡಿದ. ಅವನ ಒತ್ತಾಯದಿಂದ 1816ರಲ್ಲಿ ಮದರಾಸು ಪ್ರಾಂತ್ಯದಲ್ಲಿ ಪಂಚಾಯತಿ ನಿಯಮಗಳು ಬಂದವು; 1827ರಲ್ಲಿ ಕ್ರಿಮಿನಲ್ ಮೊಕದ್ದಮೆಗಳಿಗೆ ಜ್ಯೂರಿ ತರುವ ನಿಯಮವೂ ಆಯಿತು. ಅದೇ ವರ್ಷ ಪತ್ತಿಕೊಂಡದಲ್ಲಿ ಕಾಲರಾ ತಗಲಿ ಮನ್ರೋ ತೀರಿಕೊಂಡ. ಆ ಪಂಚಾಯತಿಗಳ ಬಾಗಿಲಿಗೆ ಜನ ಬಂದದ್ದು ಬಹಳ ಕಡಮೆ. ಮೈಸೂರು ಸಂಸ್ಥಾನದಲ್ಲೂ ದಿವಾನ್ ಪೂರ್ಣಯ್ಯನವರ ಕಾಲದಲ್ಲಿ, ಅನಂತರ ಕಮಿಷನರ್ ಮಾರ್ಕ್ ಕಬ್ಬನ್ ಕಾಲದಲ್ಲಿ ಪಂಚಾಯತಿಯ ಮೂಲಕ ವ್ಯಾಜ್ಯ ತೀರಿಸುವ ಏರ್ಪಾಡು ಇತ್ತು.

ಮನ್ರೋ ಒಂದು ವ್ಯತ್ಯಾಸವನ್ನು ಲಘುವಾಗಿ ಎಣಿಸಿದ ಎಂದು ತೋರುತ್ತದೆ. ಪಂಚನಾಗಲು ಊರನ್ನು ಬಲ್ಲವನಾಗಿರಬೇಕು. ಇಂಗ್ಲೆಂಡಿನ ಜ್ಯೂರಿಯವನು, ಹಿಂದೆ ಹೇಗೇ ಇದ್ದಿರಲಿ, ಆ ಹೊತ್ತಿಗೆ ಮೊಕದ್ದಮೆಯ ವಿಷಯ ಏನೂ ಅರಿಯದ ಪರಕೀಯನಾಗಿರಬೇಕಿತ್ತು. ಒಬ್ಬನಿಗೆ ಅರ್ಹತೆಯಾದದ್ದು ಇನ್ನೊಬ್ಬನಿಗೆ ಅನರ್ಹತೆ. ನಮ್ಮಲ್ಲಿ ಇಂದು "ಪಂಚರು" ಎಂಬ ಪದ ಸರ್ಕಾರಿ ಕಾಗದದಲ್ಲಿ ಉಳಿದಿರುವುದು ಪೊಲೀಸರ ಮಹಜರಿನಲ್ಲಿ, ಸಹಿ ಹಾಕುವವರ ಹೆಸರಾಗಿ. ಪಾಪ, ಅವರು ಏನನ್ನೂ ತೀರ್ಮಾನಿಸುವುದಿಲ್ಲ.

ಜ್ಯೂರಿಯಲ್ಲಿ ಒಪ್ಪದವನ ಪಾಡೇನು? 1670ರಲ್ಲಿ ಲಂಡನ್ನಿನಲ್ಲಿ ನಡೆದ ಒಂದು ಮೊಕದ್ದಮೆ ಇದಕ್ಕೆ ಹೆಸರಾಗಿದೆ. ವಿಲಿಯಂ ಪೆನ್, ವಿಲಿಯಂ ಮೀಡ್ ಎಂಬಿಬ್ಬರು ಬೀದಿಯಲ್ಲಿ ಜನ ಸೇರಿಸಿ ಧರ್ಮೋಪದೇಶ ಮಾಡಿದರೆಂದು ಆಪಾದನೆ. ಜ್ಯೂರಿ ಅವರನ್ನು ತಪ್ಪಿತಸ್ಥರೆನ್ನಲು ಒಪ್ಪಲಿಲ್ಲ. ನ್ಯಾಯಾಧೀಶರು ಸಿಟ್ಟಿಗೆದ್ದು ಹನ್ನೆರಡು ಜನರನ್ನೂ ಅನ್ನ, ನೀರು, ಬೆಂಕಿ ಇಲ್ಲದೆ ಕೂಡಿಹಾಕಿದರು. ಆದರೂ ಅವರು ಬಗ್ಗದೆ ಬಿಡುಗಡೆಯ ತೀರ್ಪನ್ನೇ ಕೊಟ್ಟರು. ತಲೆಗೆ ನಲವತ್ತು ಮಾರ್ಕ್ ದಂಡ ಬಿತ್ತು. ಕಟ್ಟುವ ತನಕ ಸೆರೆಮನೆ. ಎಡ್ವರ್ಡ್ ಬುಷೆಲ್ ಎಂಬ ಜ್ಯೂರಿ ಸದಸ್ಯ ದಂಡ ಕಟ್ಟದೆ ಮೇಲಿನ ನ್ಯಾಯಾಲಯಕ್ಕೆ ಹೋದ. ಕೊಟ್ಟ ತೀರ್ಪಿಗಾಗಿ ಜ್ಯೂರಿಯವರನ್ನು ಶಿಕ್ಷಿಸುವಂತಿಲ್ಲ ಎಂದು ಮುಖ್ಯ ನ್ಯಾಯಮೂರ್ತಿ ವಾನ್ ತೀರ್ಮಾನಿಸಿದ. ಅಂದಿನಿಂದ ಜ್ಯೂರಿ ತನ್ನ ಕಾರಣ ಹೇಳಬೇಕಾಗಿಲ್ಲ, ಯಾರಿಗೂ ಜವಾಬು ಕೊಡಬೇಕಾಗಿಲ್ಲ. ಕೋಣೆಯೊಳಗೆ ಆಡಿದ ಮಾತನ್ನು ಹೊರಗೆ ಹೇಳುವುದು ಇಂದಿನ ಇಂಗ್ಲೆಂಡಿನಲ್ಲಿ ಅಪರಾಧ.

ಆ ಕೋಣೆಯೊಳಗೆ ಹನ್ನೆರಡೂ ಜನ ಒಪ್ಪಲೇಬೇಕು ಎಂಬ ನಿಯಮ ಶತಮಾನಗಳ ಕಾಲ ಇತ್ತು. ಒಬ್ಬ ಒಪ್ಪದಿದ್ದರೆ ತೀರ್ಪೇ ಇಲ್ಲ. ಮೊಕದ್ದಮೆ ಹೊಸ ಜ್ಯೂರಿಯ ಮುಂದೆ ಮತ್ತೆ ಮೊದಲಿನಿಂದ. ಅಂದರೆ ಆ ಒಬ್ಬನ ಕೈಯಲ್ಲಿ ಹನ್ನೊಂದು ಜನರನ್ನು ನಿಲ್ಲಿಸುವ ಬಲವಿದೆ. ಅವನ ಮಾತು ಕೇಳದೆ ವಿಧಿಯಿಲ್ಲ, ಅವನ ಮನ ಒಲಿಸದೆ ಮನೆಗೆ ಹೋಗುವಂತಿಲ್ಲ. ಬಾಸು ಚಟರ್ಜಿಯವರ 1986ರ ಹಿಂದಿ ಚಿತ್ರ "ಏಕ್ ರುಕಾ ಹುವಾ ಫೈಸ್ಲಾ" ನೋಡಿದವರಿಗೆ ಆ ಕೋಣೆಯ ಸೆಕೆ ಎಂಥದೆಂದು ತಿಳಿದಿದೆ. ಭಾರತದಲ್ಲಿ ಜ್ಯೂರಿ ಹೋಗಿ ವರ್ಷಗಳಾದ ಮೇಲೆ ಬಂದ ಚಿತ್ರ ಅದು, ಅಮೆರಿಕದ ಮೂಲದಿಂದ ಎತ್ತಿಕೊಂಡದ್ದು. ಒಬ್ಬ ಲಂಚ ತಿಂದವನಿದ್ದರೆ ಏನು ಗತಿ ಎಂಬ ಚಿಂತೆಯಿಂದ ಇಂಗ್ಲೆಂಡ್ 1967ರಲ್ಲಿ ಹತ್ತಕ್ಕೆ ಎರಡಾದರೂ ಸಾಕೆಂದು ನಿಯಮ ಸಡಿಲಿಸಿತು. ಪಕ್ಕದ ಸ್ಕಾಟ್ಲೆಂಡಿನಲ್ಲಿ ಜ್ಯೂರಿಗೆ ಹದಿನೈದು ಜನ. ಎಂಟು ಜನ ಹೌದೆಂದರೆ ಸಾಕಿತ್ತು. ಅಪರಾಧಿ, ನಿರಪರಾಧಿ ಎಂಬುದರ ಜೊತೆಗೆ "ರುಜುವಾತಾಗಿಲ್ಲ" ಎಂಬ ಮೂರನೆಯ ತೀರ್ಪೂ ಅಲ್ಲಿತ್ತು. 2025ರ ಕಾನೂನು ಆ ಮೂರನೆಯದನ್ನು ತೆಗೆದು, ಮೂರರಲ್ಲಿ ಎರಡು ಪಾಲು ಜನ ಒಪ್ಪಬೇಕೆಂದು ಮಾಡಿತು.

ಅಮೆರಿಕದ ಲೂಯಿಸಿಯಾನ ರಾಜ್ಯದ ಕಥೆ ಇನ್ನೂ ಕಟುವಾದದ್ದು. ಅಂತರ್ಯುದ್ಧ ಮುಗಿದ ಮೇಲೆ ಕರಿಯರನ್ನು ಜ್ಯೂರಿಯಿಂದ ನೇರವಾಗಿ ಹೊರಗಿಡುವಂತಿರಲಿಲ್ಲ. 1898ರಲ್ಲಿ ಬಿಳಿಯರ ಮೇಲುಗೈಯನ್ನು ಭದ್ರಪಡಿಸಲೆಂದೇ ಸೇರಿದ ಸಭೆಯೊಂದು ಹೊಸ ಸಂವಿಧಾನ ಬರೆಯಿತು. ಹನ್ನೆರಡರಲ್ಲಿ ಒಂಬತ್ತು ಜನ ಒಪ್ಪಿದರೆ ಶಿಕ್ಷೆ ಎಂದಿತು. ಒಬ್ಬಿಬ್ಬರು ಕರಿಯರು ಕುಳಿತರೆ ಕುಳಿತಿರಲಿ, ಅವರ ಮಾತಿಗೆ ಬೆಲೆ ಇರಬಾರದು ಎಂಬುದು ಅದರ ಒಳಗುಟ್ಟು. ಆಮೇಲೆ ಒಂಬತ್ತು ಹತ್ತಾಯಿತು. ಅಲ್ಲಿನ ಮತದಾರರು ಈ ನಿಯಮವನ್ನು ಕಿತ್ತುಹಾಕಿದ್ದು 2018ರಲ್ಲಿ. 2020ರಲ್ಲಿ ರಾಮೋಸ್ ಎಂಬಾತನ ಮೊಕದ್ದಮೆಯಲ್ಲಿ ಅಮೆರಿಕದ ಸುಪ್ರೀಂ ಕೋರ್ಟು, ಗುರುತರ ಅಪರಾಧದಲ್ಲಿ ಶಿಕ್ಷೆಗೆ ಒಮ್ಮತ ಬೇಕೇ ಬೇಕು ಎಂದಿತು. ಮೈಸೂರಿನ ಕಡೆಯಿಂದ ಹೋಗಿ ಅಲ್ಲಿನ ಪೌರರಾದ ಕನ್ನಡಿಗರ ಮನೆಗೂ ಈಗ ಜ್ಯೂರಿ ಕೆಲಸಕ್ಕೆ ಬನ್ನಿ ಎಂಬ ಕರೆ ಬರುತ್ತದೆ. ಕಟ್ಟೆ ಹತ್ತದಿದ್ದವರ ಮೊಮ್ಮಗಳಿಗೂ ಬರುತ್ತದೆ.

ಅದೇ 1898ರ ಆಸುಪಾಸಿನಲ್ಲಿ ನಮ್ಮ ದೇಶದಲ್ಲಿ ಏನಾಗುತ್ತಿತ್ತು ನೋಡಿ. ಇಲ್ಲಿ ಜ್ಯೂರಿ ಬಂದದ್ದೇ ಬಣ್ಣ, ಮತಗಳ ಲೆಕ್ಕದೊಡನೆ. 1826ರ ಕಾನೂನು ಹಿಂದುಗಳೂ ಮುಸಲ್ಮಾನರೂ ಜ್ಯೂರಿಯಲ್ಲಿ ಕೂರಬಹುದೆಂದಿತು, ಆದರೆ ಕ್ರೈಸ್ತರನ್ನು ವಿಚಾರಿಸುವಾಗ ಕೂಡದು ಎಂದಿತು. ರಾಜಾ ರಾಮಮೋಹನ ರಾಯರು ಇದನ್ನು ಪ್ರತಿಭಟಿಸಿದರು. 1832ರಲ್ಲಿ ಅದು ತಿದ್ದುಪಡಿಯಾಯಿತು. 1861ರ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆ ಸರ್ಕಾರ ಆರಿಸಿದ ಜಿಲ್ಲೆಗಳ ಸೆಷನ್ಸ್ ಕೋರ್ಟುಗಳಿಗೂ ಜ್ಯೂರಿಯನ್ನು ಒಯ್ದಿತು. ಮುಂಬಯಿ ಹೈಕೋರ್ಟಿನಲ್ಲಿ ಒಂಬತ್ತು ಜನರ ಜ್ಯೂರಿ. ಒಮ್ಮತ ಬೇಕಿಲ್ಲ, ಆರು ಜನ ಒಂದು ಕಡೆಯಿದ್ದು ನ್ಯಾಯಾಧೀಶರೂ ಅವರನ್ನು ಒಪ್ಪಿದರೆ ತೀರ್ಪಾಯಿತು.

1897ರಲ್ಲಿ ಬಾಲಗಂಗಾಧರ ತಿಲಕರ ಮೇಲೆ ರಾಜದ್ರೋಹದ ಮೊಕದ್ದಮೆ ನಡೆದಾಗ ಜ್ಯೂರಿಯಲ್ಲಿ ಆರು ಯೂರೋಪಿಯನ್ನರು, ಮೂವರು ಭಾರತೀಯರು. ಆರು ಜನ ಅಪರಾಧಿ ಎಂದರು, ಮೂವರು ಅಲ್ಲ ಎಂದರು. ಕಾನೂನಿಗೆ ಬೇಕಾಗಿದ್ದದ್ದು ಸರಿಯಾಗಿ ಆರೇ. ಹದಿನೆಂಟು ತಿಂಗಳ ಕಠಿಣ ಸಜೆ. 1908ರಲ್ಲಿ ಮತ್ತೆ ಮೊಕದ್ದಮೆ. ಈ ಸಲ ಏಳು ಯೂರೋಪಿಯನ್ನರು, ಇಬ್ಬರು ಪಾರಸಿಗಳು. ಆಪಾದನೆಗೆ ಗುರಿಯಾದ ಲೇಖನಗಳು ಮರಾಠಿಯಲ್ಲಿದ್ದವು. ಅವನ್ನು ಮೂಲದಲ್ಲಿ ಓದಬಲ್ಲವರ ಜ್ಯೂರಿ ಅದಾಗಿರಲಿಲ್ಲ, ಅದರ ಮುಂದೆ ಇದ್ದದ್ದು ಇಂಗ್ಲಿಷ್ ಭಾಷಾಂತರ. ಜುಲೈ 22ರ ರಾತ್ರಿ ಏಳಕ್ಕೆ ಎರಡು ಎಂದು ತೀರ್ಪು ಬಂತು. ನ್ಯಾಯಮೂರ್ತಿ ದಾವರ್ ಆರು ವರ್ಷ ಗಡೀಪಾರು ವಿಧಿಸಿದರು. ಮಂಡಾಲೆಯ ಸೆರೆಯಲ್ಲಿ ತಿಲಕರು ಗೀತಾರಹಸ್ಯ ಬರೆದರು. ಅದನ್ನು ಆಲೂರು ವೆಂಕಟರಾಯರು ಕನ್ನಡಕ್ಕೆ ತಂದರು ಎಂಬುದು ಕನ್ನಡಿಗರಿಗೆ ಗೊತ್ತಿರುವ ಸಂಗತಿ.

ಆ ಮೂವರು, ಈ ಇಬ್ಬರು ಒಳಗೆ ಏನು ಹೇಳಿದರು? ಯಾವ ದಾಖಲೆಯಲ್ಲೂ ಇಲ್ಲ. ಒಮ್ಮತದ ನಿಯಮವಿದ್ದಿದ್ದರೆ ಉಳಿದವರು ಅವರ ಮಾತಿಗೆ ಉತ್ತರ ಕೊಡಬೇಕಾಗುತ್ತಿತ್ತು. ಎಣಿಕೆಯ ನಿಯಮ ಆ ಶ್ರಮವನ್ನು ಉಳಿಸಿತು. ಇಂಗ್ಲೆಂಡಿನಲ್ಲಿ ಪ್ರಜೆಯನ್ನು ಅರಸನಿಂದ ಕಾಯಲೆಂದು ಬೆಳೆದ ಪದ್ಧತಿ ಕಡಲು ದಾಟಿ ಬರುವಾಗ ತನ್ನ ಬೆನ್ನೆಲುಬನ್ನು ಅಲ್ಲೇ ಬಿಟ್ಟು ಬಂದಿತ್ತು.

ಸ್ವಾತಂತ್ರ್ಯ ಬಂದ ಮೇಲೂ ಜ್ಯೂರಿ ಕೆಲವು ಕಡೆ ಕುಂಟುತ್ತ ನಡೆಯಿತು. ಅದರ ಅಂತ್ಯವನ್ನು ಜನ ನೌಕಾಪಡೆಯ ಕಮಾಂಡರ್ ನಾನಾವತಿಯ ಮೊಕದ್ದಮೆಗೆ ತಳಕು ಹಾಕುತ್ತಾರೆ. 1959ರ ಏಪ್ರಿಲ್ 27ರಂದು ಮುಂಬಯಿಯಲ್ಲಿ ಆತ ತನ್ನ ಹೆಂಡತಿಯ ಪ್ರಿಯಕರ ಪ್ರೇಮ್ ಅಹುಜಾನನ್ನು ಗುಂಡಿಟ್ಟು ಕೊಂದ ಪ್ರಕರಣ. ಪತ್ರಿಕೆಗಳು ನಾನಾವತಿಯ ಪರ ಹುಯಿಲೆಬ್ಬಿಸಿದ್ದವು. ಒಂಬತ್ತು ಜನರ ಜ್ಯೂರಿ ಎಂಟಕ್ಕೆ ಒಂದರಂತೆ ನಿರಪರಾಧಿ ಎಂದಿತು. ಸೆಷನ್ಸ್ ನ್ಯಾಯಾಧೀಶರಿಗೆ ಅದು ಸರಿಕಾಣದೆ, ತಮಗಿದ್ದ ಅಧಿಕಾರದಿಂದ ಪ್ರಕರಣವನ್ನು ಹೈಕೋರ್ಟಿಗೆ ಕಳಿಸಿದರು. ಹೈಕೋರ್ಟು ಜ್ಯೂರಿಯ ತೀರ್ಪನ್ನು ತಳ್ಳಿ ಕೊಲೆ ಎಂದಿತು; 1961ರ ನವೆಂಬರ್ 24ರಂದು ಸುಪ್ರೀಂ ಕೋರ್ಟು ಅದನ್ನೇ ಎತ್ತಿಹಿಡಿಯಿತು. ಕಾನೂನಿನ ಕಣ್ಣಿಗೆ ಎಂಟು ಜನ ತಪ್ಪು, ಒಬ್ಬ ಸರಿ. ಆ ಒಬ್ಬ ಯಾವ ಕಾರಣಕ್ಕೆ ಒಪ್ಪಲಿಲ್ಲ ಎಂಬುದು ಅವನೊಡನೆಯೇ ಹೋಯಿತು.

ಈ ಮೊಕದ್ದಮೆಯಿಂದಲೇ ಜ್ಯೂರಿ ರದ್ದಾಯಿತು ಎಂಬುದು ಪೂರ್ತಿ ನಿಜವಲ್ಲ. ಅದಕ್ಕೆ ಮುಂಚೆಯೇ, 1958ರಲ್ಲಿ, ಎಂ.ಸಿ. ಸೆಟಲ್ವಾಡ್ ಅಧ್ಯಕ್ಷತೆಯ ಕಾನೂನು ಆಯೋಗ ಜ್ಯೂರಿಯನ್ನು ತೆಗೆದುಹಾಕಬೇಕೆಂದು ಹೇಳಿತ್ತು. 1973ರ ಹೊಸ ಸಂಹಿತೆಯಲ್ಲಿ ಅದಕ್ಕೆ ಜಾಗವೇ ಉಳಿಯಲಿಲ್ಲ. ಪಾರಸಿಗಳ ವಿವಾಹ ನ್ಯಾಯಾಲಯದಲ್ಲಿ ಮಾತ್ರ ಆ ಸಮುದಾಯದ ಐವರು ಪ್ರತಿನಿಧಿಗಳು ನ್ಯಾಯಾಧೀಶರ ಜೊತೆ ಕೂರುವ ಏರ್ಪಾಡನ್ನು ಅವರ ಕಾನೂನು ಉಳಿಸಿಕೊಂಡಿತು.

ಬೇರೆ ದೇಶಗಳು ನಡುವಿನ ದಾರಿ ಹಿಡಿದವು. ಫ್ರಾನ್ಸಿನಲ್ಲಿ ಮೂವರು ನ್ಯಾಯಾಧೀಶರೂ ಆರು ಮಂದಿ ಸಾಮಾನ್ಯರೂ ಒಂದೇ ಮೇಜಿನ ಸುತ್ತ ಕೂರುತ್ತಾರೆ. ಚರ್ಚೆಯಾದ ಮೇಲೆ ಚೀಟಿಯಲ್ಲಿ ಗುಟ್ಟಾಗಿ ಹೌದು, ಅಲ್ಲ ಎಂದು ಬರೆದು ಹಾಕುತ್ತಾರೆ. ಖಾಲಿ ಚೀಟಿ ಬಂದರೆ ಅದು ಆರೋಪಿಯ ಲೆಕ್ಕಕ್ಕೆ. ಶಿಕ್ಷೆಗೆ ಒಂಬತ್ತರಲ್ಲಿ ಏಳು ಬೇಕು. ಹಿಂದೆ ಕಾರಣ ಬರೆಯಬೇಕಿರಲಿಲ್ಲ. 2011ರ ಕಾನೂನಿನಿಂದ ಬರೆಯಬೇಕಾಗಿದೆ. ಜಪಾನು 2009ರಿಂದ ಇಂಥದೇ ಪದ್ಧತಿ ನಡೆಸುತ್ತಿದೆ, ಮೂವರು ನ್ಯಾಯಾಧೀಶರಿಗೆ ಆರು ಮಂದಿ ಸಾಮಾನ್ಯರು. ಬಹುಮತದಲ್ಲಿ ಕೊನೆಯ ಪಕ್ಷ ಒಬ್ಬ ನ್ಯಾಯಾಧೀಶ ಇರಲೇಬೇಕು. ಬಲ್ಲವನ ಮಾತಿಗೆ ಬಾಯಿಮುಚ್ಚಿ ತಲೆಯಾಡಿಸುವ ಅಪಾಯ ಎರಡೂ ಕಡೆ ಉಂಟು. ಕಟ್ಟೆಯ ಮೇಲೆ ಪಟೇಲರು ಗಂಟಲು ಸರಿಮಾಡಿಕೊಂಡರೆ ಏನಾಗುತ್ತಿತ್ತೋ ಅದೇ.

ನಮ್ಮಲ್ಲಿ ಕಟ್ಟೆಯ ನೆನಪಿಗ��� ತೀರ ಹತ್ತಿರವಾಗಿ ಉಳಿದಿರುವುದು ಲೋಕ ಅದಾಲತ್ತು. 1987ರ ಕಾನೂನಿನಂತೆ ಅಲ್ಲಿ ಎರಡೂ ಪಕ್ಷದವರು ಒಪ್ಪಿದರೆ ಮಾತ್ರ ತೀರ್ಮಾನ. ಒಬ್ಬರು ಒಪ್ಪದಿದ್ದರೂ ಕಡತ ವಾಪಸು ಕೋರ್ಟಿಗೆ. ಒಪ್ಪಿ ಸಹಿ ಹಾಕಿದ ಮೇಲೆ ಮೇಲ್ಮನವಿ ಇಲ್ಲ. ಇಲ್ಲಿ ಒಪ್ಪದಿರುವ ಹಕ್ಕು ಪಂಚರ ಕೈಯಿಂದ ವಾದಿ ಪ್ರತಿವಾದಿಯರ ಕೈಗೆ ಬಂದಿದೆ. ಕಾಲುವೆಯ ಕೊನೆಯ ರೈತ ಬೇಡ ಎನ್ನಬಹುದು, ಎದ್ದು ಬರಬಹುದು. ಬೇಡ ಎಂದರೆ ಇನ್ನೆಷ್ಟು ವರ್ಷ ತಿರುಗಬೇಕು ಎಂಬ ಅಂಜಿಕೆಯಿಂದ ಹಾಕಿದ ಸಹಿಗಳೂ ಅಲ್ಲಿ ಇಲ್ಲದಿಲ್ಲ. ಆದರೂ ಬಹಿಷ್ಕಾರದ ಬೆದರಿಕೆಯ ಹಿಂದೆ ನಡೆಯುವ ನ್ಯಾಯಕ್ಕಿಂತ ಅದು ಮೇಲು. ಅಂಥ ಜಾತಿ ಪಂಚಾಯತಿಗಳು ಕಾನೂನುಬಾಹಿರ ಎಂದು ಸುಪ್ರೀಂ ಕೋರ್ಟು ತಮಿಳುನಾಡಿನ ಪ್ರಕರಣವೊಂದರಲ್ಲಿ 2011ರಲ್ಲಿ ಕಡಾಖಂಡಿತವಾಗಿ ಹೇಳಿತು.

ಇನ್ನು ನ್ಯಾಯಾಧೀಶರೇ ಒಂದು ಗುಂಪಾಗಿ ಕುಳಿತಾಗಿನ ಮಾತು. ಅವರೂ ಎಣಿಸುತ್ತಾರೆ; ಆದರೆ ಒಪ್ಪದವನು ತನ್ನ ಕಾರಣ ಬರೆಯಬಹುದು, ಅದು ತೀರ್ಪಿನ ಜೊತೆಗೇ ಅಚ್ಚಾಗುತ್ತದೆ. ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತೀ ಸ್ವಾಮಿಗಳು, ಯಕ್ಷಗಾನದಲ್ಲೂ ಸಂಗೀತದಲ್ಲೂ ಆಸಕ್ತರಾದ ಕನ್ನಡದ ಯತಿಗಳು, ಮಠದ ಭೂಮಿಗಾಗಿ ಕೇರಳ ಸರ್ಕಾರದ ವಿರುದ್ಧ ಹಾಕಿದ ಅರ್ಜಿಯನ್ನು ಹದಿಮೂರು ನ್ಯಾಯಮೂರ್ತಿಗಳು 68 ದಿನ ಕೇಳಿದರು. 1973ರ ಏಪ್ರಿಲ್ 24ರಂದು ಏಳಕ್ಕೆ ಆರು ಎಂದು ತೀರ್ಪಾಯಿತು: ಸಂವಿಧಾನದ ಮೂಲ ಸ್ವರೂಪವನ್ನು ಪಾರ್ಲಿಮೆಂಟೂ ಬದಲಿಸುವಂತಿಲ್ಲ. ಆ ಏಳರಲ್ಲಿ ಒಬ್ಬರು ಕಾರ್ಕಳ ಸೀಮೆಯ ಕೆ.ಎಸ್. ಹೆಗ್ಡೆಯವರು. ತೀರ್ಪಿನ ಬೆನ್ನಿಗೇ ಅವರೂ ಸೇರಿ ಮೂವರನ್ನು ದಾಟಿಸಿ ಕಿರಿಯರೊಬ್ಬರನ್ನು ಮುಖ್ಯ ನ್ಯಾಯಮೂರ್ತಿ ಮಾಡಲಾಯಿತು. ಹೆಗ್ಡೆಯವರು ರಾಜೀನಾಮೆ ಕೊಟ್ಟರು. ಒಂದು ಮತದ ಅಂತರದ ಈ ತೀರ್ಪಿನ ಸಾರವೇನು ಎಂಬ ಪತ್ರಕ್ಕೆ ಸಹಿ ಹಾಕಿದವರು ಒಂಬತ್ತು ಜನ, ಹಾಕದವರು ನಾಲ್ವರು. ಕಾನೂನು ಓದಿದವರ ಕಟ್ಟೆಯಲ್ಲೂ ಟವೆಲು ಕೊಡವಿ ಏಳುವವರು ಇರುತ್ತಾರೆ.

ಕೊನೆಯದಾಗಿ ಐವರ ಕಥೆ. 1975ರ ಜೂನ್ 26ರಂದು, ತುರ್ತುಪರಿಸ್ಥಿತಿಯ ಬೆಳಗ್ಗೆ, ಬೆಂಗಳೂರಿಗೆ ಬಂದಿದ್ದ ಅಟಲ್ ಬಿಹಾರಿ ವಾಜಪೇಯಿ, ಎಲ್.ಕೆ. ಆಡ್ವಾಣಿ, ಮಧು ದಂಡವತೆ ಮೊದಲಾದವರನ್ನು ಬಂಧಿಸಿದರು. ಅವರು ಕರ್ನಾಟಕ ಹೈಕೋರ್ಟಿಗೆ ಹೋದರು. ಇಂಥ ಅರ್ಜಿಯನ್ನು ಕೇಳುವ ಅಧಿಕಾರ ತನಗಿದೆ ಎಂದು ಹೈಕೋರ್ಟು ಹೇಳಿತು. ಬೇರೆ ಹಲವು ಹೈಕೋರ್ಟುಗಳೂ ಹಾಗೆಯೇ ಹೇಳಿದ್ದವು. ಸರ್ಕಾರ ಇವೆಲ್ಲವನ್ನೂ ಸುಪ್ರೀಂ ಕೋರ್ಟಿಗೆ ಒಯ್ದಿತು. ಕುಳಿತವರು ಐವರು. ವಾದದ ನಡುವೆ ನ್ಯಾಯಮೂರ್ತಿ ಎಚ್.ಆರ್. ಖನ್ನಾ ಅವರು, ಪೊಲೀಸಿನವನೊಬ್ಬ ವೈಯಕ್ತಿಕ ಹಗೆಯಿಂದ ಯಾರನ್ನಾದರೂ ಕೊಂದರೂ ಪರಿಹಾರವಿಲ್ಲವೇ ಎಂದು ಕೇಳಿದರು. ಅಟಾರ್ನಿ ಜನರಲ್ ನಿರೇನ್ ಡೇ ಅವರು, ತುರ್ತುಪರಿಸ್ಥಿತಿ ಇರುವ ತನಕ ಇಲ್ಲ ಎಂದರು. 1976ರ ಏಪ್ರಿಲ್ 28ರಂದು ನಾಲ್ವರು ಸರ್ಕಾರವನ್ನು ಒಪ್ಪಿದರು. ಖನ್ನಾ ಒಪ್ಪಲಿಲ್ಲ. ಮರುವರ್ಷ ಮುಖ್ಯ ನ್ಯಾಯಮೂರ್ತಿಯ ಸ್ಥಾನ ಸೇವಾ ಹಿರಿತನದಂತೆ ಅವರಿಗೆ ಬರಬೇಕಿತ್ತು, ಬರಲಿಲ್ಲ. ಅವರು ರಾಜೀನಾಮೆ ಕೊಟ್ಟು ಮನೆಗೆ ಹೋದರು.

ಆ ದಿನ ಬೆಂಗಳೂರಿನ ಸೆರೆಮನೆಯಲ್ಲಿದ್ದವರಿಗೆ ಖನ್ನಾ ಅವರ ಬರಹದಿಂದ ಏನೂ ಸಿಗಲಿಲ್ಲ. ಬಾಗಿಲು ತೆರೆಯಲಿಲ್ಲ. ಆದರೆ ಕಟ್ಟೆಯ ಐದನೆಯವರಿಗೂ, ತಿಲಕರ ಜ್ಯೂರಿಯ ಆ ಇಬ್ಬರಿಗೂ, ನಾನಾವತಿಯ ಜ್ಯೂರಿಯ ಆ ಒಬ್ಬನಿಗೂ ಇಲ್ಲದ ಅನುಕೂಲ ಅವರಿಗಿತ್ತು. ಒಪ್ಪದ ಕಾರಣ ಕಾಗದದ ಮೇಲೆ ಉಳಿಯಿತು. ನಲವತ್ತೊಂದು ವರ್ಷ ಕಳೆದ ಮೇಲೆ, ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು ಆಧಾರ್ ಯೋಜನೆಯನ್ನು ಪ್ರಶ್ನಿಸಿ ಹಾಕಿದ್ದ ಅರ್ಜಿಯಲ್ಲಿ ಖಾಸಗಿತನ ಮೂಲಭೂತ ಹಕ್ಕೇ ಎಂಬ ಪ್ರಶ್ನೆ ಒಂಬತ್ತು ನ್ಯಾಯಮೂರ್ತಿಗಳ ಮುಂದೆ ಬಂತು. 2017ರ ಆಗಸ್ಟ್ 24ರಂದು ಒಂಬತ್ತೂ ಜನ ಹೌದೆಂದರು. ಅದೇ ತೀರ್ಪಿನಲ್ಲಿ 1976ರ ನಾಲ್ವರ ಮಾತು ತಪ್ಪೆಂದು ತಳ್ಳಿ, ಖನ್ನಾ ಅವರ ಮಾತೇ ಸರಿ ಎಂದು ಬರೆದವರು ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್. ಆ ನಾಲ್ವರಲ್ಲಿ ಒಬ್ಬರು ಅವರ ತಂದೆ.